ಹನ್ನೊಂದು ಓಟು

"ಕಣ್ಣು ಎಲ್ಲಿಟ್ಕೊಂಡಿದ್ದೀಯೇ? ಬಾಲ ಇಷ್ಟು ಗಿಡ್ಡ ಕೊಯ್ದ್ರೆ ಗಡ್ಡೆ ಕೊಳ್ತೋಗಲ್ವೇನೇ. ಊರು ಬಿಟ್ಟು ಬಂದ ಮುಂಡೇವ್ನೆಲ್ಲ ಕೆಲ್ಸಕ್ಕೆ ಇಟ್ಕೊಂಡ್ರೆ ಇದೇ ಗತಿ."

ಮೇಸ್ತ್ರಿ ರಘು ಕೈಯಲ್ಲಿದ್ದ ಈರುಳ್ಳಿಯನ್ನು ಹೇಮಾವತಿಯ ಮಡಿಲಿಗೆ ಎಸೆದು ಮುಂದೆ ಹೋದ. ಅವಳು ತಲೆ ಎತ್ತಲಿಲ್ಲ. ಅಜ್ಜಂಪುರದ ಹೊರಗಿನ ಆ ಈರುಳ್ಳಿ ಷೆಡ್ಡಿನಲ್ಲಿ ಈ ಮಾತು ಐದು ವರ್ಷದಿಂದ ಕೇಳಿ ಕೇಳಿ ಹಳತಾಗಿತ್ತು. ಪಕ್ಕದಲ್ಲಿ ಗಂಡ ಹಾಲೇಶ ಮೂಟೆಯ ಬಾಯಿ ಹೊಲಿಯುತ್ತಿದ್ದ. ಗೋಡೆಗೆ ಒರಗಿ ಕುಳಿತ ಅತ್ತೆ ಹಾಲಮ್ಮ ಕೊಳೆತ ಗಡ್ಡೆಗಳನ್ನು ಬೇರೆ ಮಾಡುತ್ತಿದ್ದಳು. ಕೆಂಚಿಕಟ್ಟೆಯಿಂದ ಜೊತೆಯಲ್ಲಿ ಬಂದ ಉಳಿದ ಎಂಟು ಜನ ಷೆಡ್ಡಿನ ಆ ತುದಿಯಲ್ಲಿದ್ದರು. ನಾಲ್ಕು ಮನೆ, ಹನ್ನೊಂದು ಜನ.

ಕೆಂಚಿಕಟ್ಟೆ ಯಗಟಿಯ ಆಚೆಗಿನ ಊರು. ಐದು ವರ್ಷದ ಹಿಂದೆ ಪಂಚಾಯಿತಿ ಚುನಾವಣೆ ಬಂದಾಗ ಮಾದಿಗರ ಕೇರಿಯ ಹೆಣ್ಣಿಗೆ ಅಂತ ಮೀಸಲಿದ್ದ ಸೀಟನ್ನು ಊರ ಹಿರಿಯರು ಚಾವಡಿಯಲ್ಲಿ ಹರಾಜು ಹಾಕಿದರು. ಊರ ಯಜಮಾನ ಈರಭದ್ರಪ್ಪ ಹರಾಜು ಕೂಗಿ, ತನ್ನ ತೋಟದ ಆಳಿನ ಹೆಂಡತಿಯ ಹೆಸರಿಗೆ ಸೀಟು ಹಿಡಿದ. ಅವಿರೋಧ ಆಯ್ಕೆ ಅಂತ ಊರಿಗೆಲ್ಲ ಬೂಂದಿ ಹಂಚಿದ್ದೂ ಆಯಿತು. ಮಾರನೆಯ ದಿನ ಹೇಮಾವತಿ ಒಂದು ಹಳೇ ಪ್ಲಾಸ್ಟಿಕ್ ಕವರಿನಲ್ಲಿ ತನ್ನ ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಜಾತಿ ಸರ್ಟಿಫಿಕೇಟು ಇಟ್ಟುಕೊಂಡು ಪಂಚಾಯಿತಿ ಆಫೀಸಿಗೆ ನಡೆದು ಹೋಗಿ ನಾಮಪತ್ರ ಕೊಟ್ಟು ಬಂದಳು.

ಅವಳಿಗೆ ಬಿದ್ದದ್ದು ಹನ್ನೊಂದು ಓಟು. ಯಾರ್ಯಾರು ಹಾಕಿದರು ಅಂತ ಲೆಕ್ಕ ಹಿಡಿಯಲು ಊರಿಗೆ ಒಂದು ದಿನವೂ ಬೇಕಾಗಲಿಲ್ಲ. ಎಣಿಕೆಯ ಸಂಜೆಯೇ ಡಂಗುರ ಹೊಡೆಸಿದರು. ಈ ನಾಲ್ಕು ಮನೆಗೆ ಅಂಗಡಿಯಲ್ಲಿ ಉಪ್ಪಿಲ್ಲ, ಗಿರಣಿಯಲ್ಲಿ ಹಿಟ್ಟಿಲ್ಲ, ಹೊಲದಲ್ಲಿ ಕೂಲಿಯಿಲ್ಲ. ಇವರ ಜೊತೆ ಮಾತಾಡಿದವರು ಊರಿಗೆ ತಪ್ಪು ಅಂತ ದಂಡ ಕಟ್ಟಬೇಕು. ಕೇಳಲು ಹೋದ ಹಾಲೇಶನ ತಲೆಯ ಮೇಲೆ ಒಂದು ಜೊತೆ ಚಪ್ಪಲಿ ಹೊರಿಸಿ ಬೆಳಗಿನಿಂದ ಬಿಸಿಲು ನೆತ್ತಿಗೆ ಬರುವವರೆಗೆ ಚಾವಡಿಯ ಮುಂದೆ ನಿಲ್ಲಿಸಿದರು. ಪೊಲೀಸ್ ಠಾಣೆಗೆ ದೂರು ಕೊಡಲು ಹೋದರೆ ಸಾಹೇಬರು, "ಊರಂದ್ಮೇಲೆ ಹೊಂದ್ಕೊಂಡು ಹೋಗ್ಬೇಕಮ್ಮಾ" ಎಂದರು. ಎರಡು ತಿಂಗಳು ಹಲ್ಲು ಕಚ್ಚಿ ಇದ್ದು, ಆಮೇಲೆ ಪಾತ್ರೆ ಪಡಗ ಕಟ್ಟಿಕೊಂಡು ಹೊರಟರು. ಚಪ್ಪಲಿ ಹೊತ್ತ ದಿನದಿಂದ ಹಾಲೇಶ ಬೇಕಿದ್ದರೆ ಮಾತ್ರ ಮಾತಾಡುತ್ತಿದ್ದ. ಬೇಕಾಗುವುದು ಅಪರೂಪವಾಗಿತ್ತು.

ರಘು ಅತ್ತ ಹೋಗುತ್ತಿದ್ದಂತೆ ಷೆಡ್ಡಿನ ಮುಂದೆ ಬಂದು ನಿಂತ ಜೀಪಿನಿಂದ ಇಳಿದವನು ಈರಭದ್ರಪ್ಪನ ತಮ್ಮನ ಮಗ ಕಾಂತರಾಜು. ಡಂಗುರದ ಹಿಂದೆ ಬೀದಿ ಬೀದಿ ತಿರುಗಿದ್ದವನು ಇವನೇ.

"ಹೇಮಕ್ಕಾ, ಚೆನ್ನಾಗಿದ್ದೀರಾ?" ಎಂದ.

ಹೇಮಾವತಿ ಕುಡುಗೋಲು ಕೆಳಗಿಟ್ಟಳು. ಇವನ ಬಾಯಲ್ಲಿ ಲೇ ಅನ್ನುವುದನ್ನು ಬಿಟ್ಟು ಬೇರೆ ಮಾತು ಅವಳು ಕೇಳಿರಲಿಲ್ಲ.

"ಏನ್ ಬಂದ್ರಿ?"

"ಭಾನ್ವಾರ ಓಟು. ನಿಮ್ ಹನ್ನೊಂದು ಜನದ ಹೆಸ್ರು ಪಟ್ಟೀಲಿ ಹಂಗೇ ಐತೆ. ದೊಡ್ಡಪ್ಪಾರ ಭಾಮೈದ ಈ ಸತಿ ಎದ್ರು ಬೇರೆಯೋರ್ನ ನಿಲ್ಸವ್ನೆ. ಹತ್ತು ಓಟು ಅತ್ಲಾಗಿತ್ಲಾಗೆ ಅನ್ನಂಗಾಗೈತೆ. ನೀವ್ ಬಂದು ಹಾಕಿ. ಬಹಿಷ್ಕಾರ ತೆಗ್ದಾಕ್ತೀವಿ ಅಂತ ದೊಡ್ಡಪ್ಪಾರೇ ಹೇಳವ್ರೆ."

ಹಾಲಮ್ಮನ ಕೈಯಲ್ಲಿದ್ದ ಗಡ್ಡೆ ಉರುಳಿತು. "ಊರಿಗಾ?" ಎಂದಳು. "ಹೇಮಾ, ಊರಿಗಂತೆ ಕಣೇ."

ಹಾಲೇಶ ದಬ್ಬಣವನ್ನು ಮೂಟೆಗೆ ಚುಚ್ಚಿದ. ಹೇಮಾವತಿಗೆ ಕಾಂತರಾಜುವಿನ ಮಾತಿನಲ್ಲಿ ಒಂದು ಕೂದಲಿನಷ್ಟೂ ನಂಬಿಕೆ ಇರಲಿಲ್ಲ. ಆದರೆ ಅತ್ತೆಯ ಮುಖ ನೋಡಿದಳು. ಷೆಡ್ಡಿನ ಹಿಂದಿನ ತಗಡಿನ ಗೂಡಿನಲ್ಲಿ ಈ ಮುದುಕಿ ಇನ್ನೊಂದು ಚಳಿಗಾಲ ಕಳೆಯುವಂತಿರಲಿಲ್ಲ. ಇಲ್ಲೇ ಕಣ್ಣು ಮುಚ್ಚಿದರೆ ಹೂಳಲು ಯಾರ ಜಾಗ ಕೇಳುವುದು?

"ಬತ್ತೀವಿ" ಎಂದಳು.

ಭಾನುವಾರ ಕರೆದೊಯ್ಯಲು ಬಂದದ್ದು ಜೀಪಲ್ಲ, ಕುರಿ ಸಾಗಿಸುವ ಗಾಡಿ. ಹಿಕ್ಕೆ ಗುಡಿಸಿರಲಿಲ್ಲ. ಬೀರೂರಿನಲ್ಲಿ ನಿಲ್ಲಿಸಿ ಕಾಂತರಾಜು ಎಲ್ಲರಿಗೂ ಇಡ್ಲಿ ಕೊಡಿಸಿದ, ಹಾಲಮ್ಮನಿಗೆ ತಾನೇ ಟೀ ತಂದುಕೊಟ್ಟ. ಕಡೂರು ದಾಟಿತು. ಯಗಟಿ ಹಿಂದಾಯಿತು. ಕೆಂಚಿಕಟ್ಟೆಯ ಕೆರೆ ಏರಿ ಕಾಣುತ್ತಿದ್ದಂತೆ ಅವನು ಗಾಡಿ ನಿಲ್ಲಿಸಿ ಇಳಿದು ಬಂದು ಟಾರ್ಪಾಲು ಎಳೆಯತೊಡಗಿದ.

"ಬಗ್ಗಿ ಕುತ್ಕಳಿ. ಊರೊಳ್ಗೆ ಮುಖ ಕಾಣ್ಸೋದು ಬ್ಯಾಡ. ಸೀದಾ ಸ್ಕೂಲು, ಓಟು, ವಾಪಸ್ಸು."

"ವಾಪಸ್ಸು ಅಂದ್ರೆ?" ಹೇಮಾವತಿ ಕೇಳಿದಳು.

"ಆಮೇಲೆ ಮಾತಾಡಾನ" ಎಂದು ಅವನು ಹಗ್ಗ ಬಿಗಿದ.

ಆ ಕತ್ತಲಲ್ಲಿ ಹನ್ನೊಂದು ಜನ ಕುರಿಗಳ ಹಾಗೆ ಒಬ್ಬರ ಮೇಲೊಬ್ಬರು ಒರಗಿ ಕುಳಿತರು. ಹಾಲಮ್ಮ ಮಾತ್ರ ತಿರುವು ತಿರುವಿಗೂ, "ಇದು ಗಿರಣಿ ಕಣೇ, ಇದು ಹುಣಸೇಮರ" ಎಂದು ಪಿಸುಗುಟ್ಟುತ್ತಿದ್ದಳು.

ಶಾಲೆಯಿಂದ ನೂರು ಮೀಟರು ದೂರದಲ್ಲಿ ಸುಣ್ಣದ ಗೆರೆ ಎಳೆದಿದ್ದರು. ಗೆರೆಯ ಈಚೆ ಹೊಂಗೆಮರದಡಿ ಈರಭದ್ರಪ್ಪ ಕುರ್ಚಿ ಹಾಕಿಸಿಕೊಂಡು ಕುಳಿತಿದ್ದ. ಗಾಡಿಯಿಂದ ಇಳಿದವರನ್ನು ನೋಡಿ ಗಲ್ಲ ಎತ್ತಿ ಶಾಲೆಯ ಕಡೆ ತೋರಿಸಿದ. ಅಷ್ಟೇ. ಹೇಮಾವತಿ ಗೆರೆ ದಾಟಲಿಲ್ಲ. ಗೆರೆಯ ಮೇಲೆ ಕುಳಿತುಬಿಟ್ಟಳು. ಮಿಕ್ಕವರಿಗೂ ಕೂರಿ ಎಂದಳು.

"ಈರಭದ್ರಪ್ಪಾರೇ, ಮೊದ್ಲು ಬಹಿಷ್ಕಾರ ತೆಗೀರಿ. ಆಮೇಲೆ ಓಟು."

ಜನ ತಿರುಗಿ ನೋಡಿದರು. ಕೇರಿಯ ಹೆಣ್ಣೊಬ್ಬಳು ಅವನನ್ನು ಬುದ್ಧಿ ಎನ್ನದೆ ಹೆಸರು ಹಿಡಿದು ಕರೆದದ್ದು ಆ ಊರಿನಲ್ಲಿ ಅದೇ ಮೊದಲು.

"ಏನಂದೇ ಬೋಳಿ?" ಈರಭದ್ರಪ್ಪ ಗದರಿದ.

"ಕೇಳಿಸ್ತಲ್ಲ."

ಕಾಂತರಾಜು ಕಾಲು ಎತ್ತಿಕೊಂಡೇ ಬಂದ. ಈರಭದ್ರಪ್ಪ ಕೈ ಅಡ್ಡ ಹಿಡಿದ. ಶಾಲೆಯ ಬಾಗಿಲ ಬಳಿ ಪೊಲೀಸಿದ್ದ, ಭಾಮೈದನ ಕಡೆಯವರು ಮೊಬೈಲು ಹಿಡಿದು ನಿಂತಿದ್ದರು. ಬೂತಿನಿಂದ ಒಬ್ಬ ಅಧಿಕಾರಿ ಬಂದು, "ಇಲ್ಲಿ ಕೂರ್ಬಾರ್ದಮ್ಮಾ" ಎಂದ. ಹೇಮಾವತಿ ಐದು ವರ್ಷದ ಕಥೆಯನ್ನು ನಾಲ್ಕು ಮಾತಿನಲ್ಲಿ ಹೇಳಿದಳು. ಅವನು ಗಡಿಯಾರ ನೋಡಿಕೊಂಡು, "ಅದೆಲ್ಲ ನಮ್ ಡ್ಯೂಟಿಗೆ ಬರಲ್ಲ. ಓಟಿದ್ರೆ ಹಾಕಿ, ಇಲ್ಲಾಂದ್ರೆ ಎದ್ದೋಗಿ" ಎಂದು ಒಳಗೆ ಹೋದ.

ಅವರು ಏಳಲಿಲ್ಲ. ಮಧ್ಯಾಹ್ನವಾಯಿತು. ಯಾರೂ ನೀರು ಕೊಡಲಿಲ್ಲ. ಹಾಲಮ್ಮನ ತುಟಿ ಒಣಗಿ ಬಿರಿಯಿತು. ಓಟು ಹಾಕಿ ಬರುತ್ತಿದ್ದವರಲ್ಲಿ ತಿಮ್ಮಕ್ಕನೂ ಇದ್ದಳು. ಹಾಲಮ್ಮನೂ ಅವಳೂ ನಲವತ್ತು ವರ್ಷ ಒಂದೇ ಸಾಲಿನಲ್ಲಿ ಕಳೆ ಕಿತ್ತವರು. "ತಿಮ್ಮೀ" ಎಂದು ಹಾಲಮ್ಮ ಕೂಗಿದಳು. ತಿಮ್ಮಕ್ಕನ ಕಾಲು ನಿಂತಿತು. ಸೆರಗನ್ನು ಬಾಯಿಗೆ ಒತ್ತಿಕೊಂಡು ನೆಲ ನೋಡಿದಳೇ ಹೊರತು ಬಾಯಿ ಬಿಡಲಿಲ್ಲ, ಮನೆಗೂ ಹೋಗದೆ ಹೊಂಗೆಮರದ ಆಚೆ ನಿಂತಳು.

ನಾಲ್ಕೂವರೆಗೆ ಈರಭದ್ರಪ್ಪ ಕುರ್ಚಿ ಬಿಟ್ಟು ಎದ್ದು ಬಂದ. ಬೆವರು ಅವನ ಅಂಗಿಯ ಬೆನ್ನಿಗೆ ಅಂಟಿತ್ತು.

"ಸರಿ, ತೆಗ್ದಿದ್ದೀನಿ. ಏಳು."

"ಬಾಯಲ್ಲಿ ಬ್ಯಾಡ. ತಿಮ್ಮಕ್ಕ ನಮ್ಮತ್ತೆನ ಮಾತಾಡಿಸ್ಲಿ. ಎಲ್ರ ಮುಂದೆ."

ಅವನು ಗಡಿಯಾರ ನೋಡಿದ. ಆಮೇಲೆ ತಿಮ್ಮಕ್ಕನ ಕಡೆ ತಿರುಗಿ, "ಮಾತಾಡ್ಸೇ" ಎಂದ.

ತಿಮ್ಮಕ್ಕ ಬಂದು ಕುಕ್ಕರುಗಾಲಲ್ಲಿ ಕುಳಿತಳು. "ಎಷ್ಟು ಸೊರಗಿದ್ದೀಯೇ ಹಾಲೀ" ಎಂದಳು. ಹಾಲಮ್ಮ ಅವಳ ಎರಡೂ ಕೈ ಹಿಡಿದು ಹಣೆಗೆ ಒತ್ತಿಕೊಂಡಳು. ಅವಳ ಅಳುವಿಗೆ ದನಿಯೇ ಇರಲಿಲ್ಲ.

ಹನ್ನೊಂದು ಜನ ಎದ್ದು ಹೋಗಿ ಓಟು ಹಾಕಿದರು. ಮೊದಲೇ ಮಾತಾಡಿಕೊಂಡಂತೆ ಈರಭದ್ರಪ್ಪನ ಕಡೆಯ ಗುರುತಿಗೇ ಹಾಕಿದರು. ಹೇಮಾವತಿಯೂ ಅದರ ಮೇಲೇ ಸೀಲು ಒತ್ತಿದಳು.

ಐದು ಗಂಟೆಗೆ ಶಾಲೆಯ ಬಾಗಿಲು ಮುಚ್ಚಿತು. ಈರಭದ್ರಪ್ಪ ಎದ್ದು ಟವಲು ಕೊಡವಿಕೊಂಡ.

"ಕಾಂತಾ, ಇವ್ರನ್ನ ಗಾಡಿ ಹತ್ಸು. ತಿಮ್ಮಕ್ಕನ ಮನೇವ್ರಿಗೆ ಹೇಳು, ನಾಳೆ ಚಾವ್ಡಿಗೆ ಬಂದು ತಪ್ಪು ಕಟ್ಲಿ."

ತಿಮ್ಮಕ್ಕ ದಂಗಾಗಿ ನಿಂತಳು. "ನೀವೇ ಹೇಳಿದ್ರಲ್ಲ ಬುದ್ಧೀ."

"ನಾನೇನ್ ಹೇಳ್ದೆ? ಮಾತಾಡ್ಸು ಅಂದೆ. ಕೈ ಹಿಡ್ಕೋ ಅಂದ್ನಾ?"

ಸುತ್ತ ಇದ್ದವರು ನಕ್ಕರು. ಮೋಸ ಹೋದದ್ದು ತಾನೊಬ್ಬಳೇ ಆಗಿದ್ದರೆ ಹೇಮಾವತಿ ನುಂಗಿಕೊಳ್ಳುತ್ತಿದ್ದಳು. ತನ್ನ ಮಾತು ಕಟ್ಟಿಕೊಂಡು ತಿಮ್ಮಕ್ಕ ನಾಳೆ ಚಾವಡಿಯಲ್ಲಿ ನಿಲ್ಲಬೇಕಲ್ಲ.

"ಹತ್ರೋ ಬೇಗ" ಎಂದು ಕಾಂತರಾಜು ಗಾಡಿಯ ಹಿಂಬಾಗಿಲು ತೆರೆದ.

ಮೊದಲು ನಡೆದವನು ಹಾಲೇಶ. ಗಾಡಿಯ ಕಡೆಗಲ್ಲ. ತಾಯಿಯನ್ನು ಬೆನ್ನ ಮೇಲೆ ಹೊತ್ತುಕೊಂಡು ಊರ ನಡುಬೀದಿಯಲ್ಲೇ ಕೇರಿಯ ಕಡೆ ಹೊರಟ. ಹೇಮಾವತಿ ಹಿಂದೆಯೇ ಹೋದಳು. ಉಳಿದವರು ಒಬ್ಬರ ಮುಖ ಒಬ್ಬರು ನೋಡಿ, ಅವರೂ ಹೊರಟರು. ಬೀದಿಯ ಬಾಗಿಲುಗಳು ಒಂದೊಂದಾಗಿ ಮುಚ್ಚಿಕೊಂಡವು.

ಅವರ ನಾಲ್ಕು ಮನೆ ಇದ್ದ ಜಾಗದಲ್ಲಿ ಮನೆ ಇರಲಿಲ್ಲ. ಗೋಡೆಯ ಗುರುತೂ ಇರಲಿಲ್ಲ. ನೆಲವನ್ನು ಸಮ ಮಾಡಿ ಸಿಮೆಂಟು ಹಾಕಿ, ನೀಲಿ ಬಣ್ಣದ ಒಂದು ಕೋಣೆ ಕಟ್ಟಿದ್ದರು. ಮೇಲೆ ಬೋರ್ಡು: ಶುದ್ಧ ಕುಡಿಯುವ ನೀರಿನ ಘಟಕ. ಪಂಚಾಯಿತಿ ದುಡ್ಡಿನಲ್ಲಿ ಕಟ್ಟಿದ್ದು. ಹಾಲಮ್ಮ ಮಗನ ಬೆನ್ನಿಂದ ಇಳಿದು ಸುತ್ತ ನೋಡಿದಳು. ನಾಲ್ಕು ಹೆಜ್ಜೆ ಅಳೆದಳು. ನೀರಿನ ಕೋಣೆಯ ಮೂಲೆಯೊಂದರ ಬಳಿ ಕುಳಿತು ಅಂಗೈಯಿಂದ ಸಿಮೆಂಟನ್ನು ಸವರಿದಳು.

"ಒಲೆ ಇಲ್ಲಿತ್ತು ಕಣೇ ಹೇಮಾ" ಎಂದಳು.

ಹೇಮಾವತಿ ಮುಳ್ಳುಬೇಲಿಯ ಬುಡದಿಂದ ಮೂರು ಕಲ್ಲು ಹೊತ್ತು ತಂದು ಅತ್ತೆ ತೋರಿಸಿದ ಜಾಗದಲ್ಲಿ ಇಟ್ಟಳು. ಉಳಿದವರು ಒಣಗಿದ ತೆಂಗಿನ ಗರಿ, ಮಟ್ಟೆ ಆಯ್ದು ತಂದರು. ಕೇರಿಯಲ್ಲಿ ಒಂದು ಪಾತ್ರೆ ಕೇಳಿದರೆ ಯಾರೂ ಕೊಡುವಂತಿರಲಿಲ್ಲ, ಕೇಳಲೂ ಇಲ್ಲ. ತಿಪ್ಪೆಯ ಬದಿಯಲ್ಲಿ ಬಿದ್ದಿದ್ದ ಬಣ್ಣದ ತಗಡಿನ ಡಬ್ಬವೊಂದನ್ನು ಹೇಮಾವತಿ ಮಣ್ಣು ಹಾಕಿ ಉಜ್ಜಿದಳು. ನೀರಿನ ಯಂತ್ರದ ಸೀಳಿಗೆ ಸೆರಗಿನ ತುದಿಯಲ್ಲಿದ್ದ ನಾಣ್ಯ ಹಾಕಿದಳು. ಬಹಿಷ್ಕಾರದ ಸುದ್ದಿಯನ್ನು ಯಂತ್ರಕ್ಕೆ ಯಾರೂ ಹೇಳಿರಲಿಲ್ಲ. ನೀರು ಬಂತು. ಡಬ್ಬ ಅರ್ಧ ತುಂಬುವಷ್ಟರಲ್ಲಿ ಯಾರೋ ಕರೆಂಟು ತೆಗೆದರು. ನಲ್ಲಿ ಎರಡು ಸಲ ಕೆಮ್ಮಿ ನಿಂತಿತು.

ಹೇಮಾವತಿ ಡಬ್ಬವನ್ನು ಬಾಯಿಗೆ ಹಿಡಿದು ಅತ್ತೆಗೆ ಕುಡಿಸಿದಳು. ಉಳಿದದ್ದನ್ನು ಒಲೆಯ ಪಕ್ಕಕ್ಕಿಟ್ಟು ಗರಿಗೆ ಬೆಂಕಿ ಹಚ್ಚಿದಳು. ಚಾವಡಿಯ ಕಡೆಯಿಂದ ಜನ ಬರುತ್ತಿದ್ದರು. ಮುಂದೆ ಕಾಂತರಾಜು. ಹಿಂದಿನವರ ಕೈಯಲ್ಲಿ ದೊಣ್ಣೆಗಳಿದ್ದವು.

"ಏನ್ರೋ ಇದು, ಸರ್ಕಾರಿ ಜಾಗದಲ್ಲಿ ಒಲೆ ಹೂಡಿದ್ದೀರಾ ಸೂಳೆಮಕ್ಳಾ" ಎಂದವನೇ ಅವನು ಒಲೆಗೆ ಒದ್ದ. ಒಂದು ಕಲ್ಲು ಉರುಳಿ ಹೋಗಿ ಸಿಮೆಂಟಿನ ಅಂಚಿನಲ್ಲಿ ನಿಂತಿತು. ಕಿಡಿ ಹಾರಿತು. ಹೆಂಗಸರು ಸರಿಯಲಿಲ್ಲ.

ಹಾಲೇಶ ಎದ್ದು ಹೋಗಿ ಆ ಕಲ್ಲನ್ನು ಎತ್ತಿಕೊಂಡ. ಕಾಂತರಾಜು ಒಂದು ಹೆಜ್ಜೆ ಹಿಂದೆ ಸರಿದ. ಹಾಲೇಶ ಅವನ ಕಡೆ ನೋಡಲೂ ಇಲ್ಲ. ಕಲ್ಲನ್ನು ತಂದು ಮತ್ತೆ ಅದೇ ಜಾಗಕ್ಕೆ ಇಟ್ಟು, ಅಲ್ಲಾಡದಂತೆ ಅಂಗೈಯಿಂದ ಒತ್ತಿ, ಅದರ ಪಕ್ಕದಲ್ಲೇ ಕುಳಿತ.

"ಊದು" ಎಂದ ಹೆಂಡತಿಗೆ.

ಹೇಮಾವತಿ ಬಗ್ಗಿ ಊದತೊಡಗಿದಳು. ದೊಣ್ಣೆ ಹಿಡಿದವರು ಸುತ್ತುಗಟ್ಟಿದರು.