ಬೆಲ್ಲದ ಮಾವಿನಕಾಯಿಗೆ ಎರಡು ರೊಟ್ಟಿ

ಹೋದ ವರ್ಷ ಮಾಬೂಬಿ ಕಳಿಸಿದ ಸಿಹಿ ಉಪ್ಪಿನಕಾಯಿ ತಿಂದು ಹಾನಗಲ್ಲಿನ ಬೀಗತಿ ಹತ್ತು ಮಂದಿಯ ಎದುರಿಗೆ ಅಂದಿದ್ದಳು: "ಸವಣೂರಾಗ ಬೆಲ್ಲ ಸಿಗೂದಿಲ್ಲೇನ್ರಿ? ಬರೇ ಉಪ್ಪ ಕಳಿಸ್ಯಾರ." ಮಗಳು ತರನ್ನುಮ ಫೋನಿನಲ್ಲಿ ಅದನ್ನು ನಗುತ್ತ ಹೇಳಿದ್ದಳು. ಮಾಬೂಬಿಗೆ ಮಾತ್ರ ಆ ಮಾತು ಹಲ್ಲಿನ ಸಂದಿಯ ನಾರಿನಂತೆ ವರ್ಷವಿಡೀ ಚುಚ್ಚಿತು.

ಈ ಸಲದ ಸಿಹಿ ಉಪ್ಪಿನಕಾಯಿ ಸರಿಯಾಗಲೇಬೇಕು. ಉಪ್ಪಿನಲ್ಲಿ ಮೂರು ದಿನ ನೆನೆದ ಮಾವಿನ ಹೋಳುಗಳು ಬೆಲ್ಲದ ಪಾಕ ಕುಡಿದು ಹೊಳೆಯುತ್ತಿದ್ದವು. ಸಂಜೆ ನಾಲ್ಕಕ್ಕೆ ಓಣಿಯ ನದೀಮ ತನ್ನ ಟಂಟಂ ಗಾಡಿ ತೆಗೆದುಕೊಂಡು ಹಾನಗಲ್ಲಿಗೆ ಹೊರಡುವವನಿದ್ದ, ಬರಣಿ ಅವನ ಕೈಯಲ್ಲೇ ಹೋಗಬೇಕು. ಆದರೆ ರುಚಿ ನೋಡುವವರು ಯಾರು? ಮಾಬೂಬಿಗೆ ರೋಜಾ.

"ನಾಲಿಗಿ ತುದಿಗೆ ಹಚ್ಚಿ ಉಗುಳವಾ," ಎಂದಳು ಪಕ್ಕದ ಮನೆಯ ಸರೋಜವ್ವ.

"ನನ್ನ ನಾಲಿಗಿ ನನಗ ಗೊತ್ತೈತಿ ಯಕ್ಕಾ. ಬೆಲ್ಲ ಕಂಡ್ರ ಅದು ಉಗುಳೂದಿಲ್ಲ. ನೀನ ನೋಡು."

"ನಂದು ಸೋಮವಾರ. ಉಪ್ಪ ಮುಟ್ಟಂಗಿಲ್ಲ. ನಮ್ಮ ಯಜಮಾನರನ್ನ ಕರೀಲೇನು?"

"ಅಜ್ಜಪ್ಪಣ್ಣಾರನ್ನ? ಅವರು ಹಳಸಿದ ಸಾರಿಗೂ ಭೇಷ್ ಅಂತಾರ!"

"ನಲವತ್ತ ವರ್ಷ ನನ್ನ ಕೈ ಅಡಿಗಿ ಉಂಡಾರ. ಇನ್ನೇನ ಅನ್ನಬೇಕ ಪಾಪ?"

ಇಬ್ಬರೂ ನಕ್ಕರು. ಆಗ ಮಾಬೂಬಿಗೆ ತನ್ನ ಅವ್ವ ನೆನಪಾದಳು. ಅವ್ವ ಉಣ್ಣುವವರನ್ನು ರುಚಿ ಕೇಳುತ್ತಲೇ ಇರಲಿಲ್ಲ, ತಟ್ಟೆ ನೋಡುತ್ತಿದ್ದಳು. ಉಪ್ಪು ಹೆಚ್ಚಾದರೆ ರೊಟ್ಟಿ ಮೊದಲು ಮುಗಿಯುತ್ತದೆ, ಬೆಲ್ಲ ಹೆಚ್ಚಾದರೆ ಉಪ್ಪಿನಕಾಯಿ. ಎರಡೂ ಕೂಡಿ ಮುಗಿದರೆ ಹದ.

ಅಜ್ಜಪ್ಪ ಬಂದು ಕಟ್ಟೆಯ ಮೇಲೆ ಕುಳಿತ. ಸರೋಜವ್ವ ಮನೆಯಿಂದ ತಂದ ಜೋಳದ ರೊಟ್ಟಿ ಒಂದು, ಬಟ್ಟಲಲ್ಲಿ ನಾಲ್ಕು ಹೋಳು. ರೊಟ್ಟಿ ಖಾಲಿಯಾಯಿತು, ಎರಡು ಹೋಳು ಉಳಿದವು.

"ಹೆಂಗೈತ್ರಿ?"

"ಭೇಷ್!"

ಮಾಬೂಬಿ ಅದನ್ನು ಕಿವಿಗೆ ಹಾಕಿಕೊಳ್ಳದೆ, ಬಿಸಿ ಆರದ ಪಾತ್ರೆಗೆ ಇನ್ನೊಂದು ಹಿಡಿ ಬೆಲ್ಲ ತುರಿದು ಹಾಕಿ ಕಲಸಿದಳು. ಬಟ್ಟಲು ಮತ್ತೆ ತುಂಬಿತು.

"ಇನ್ನೊಂದು ರೊಟ್ಟಿ ಕೊಡ ಯಕ್ಕಾ."

"ರುಚಿ ನೋಡ್ರಿ ಅಂದ್ರ ಉಣ್ಣಾಕ ಕುಂತಾರ ನೋಡು!"

"ನೀವ ಕೊಡಾಕತ್ತೀರಿ, ನಾ ತಿನ್ನಾಕತ್ತೇನಿ," ಎಂದ ಅಜ್ಜಪ್ಪ.

ಹೊರಗೆ ನದೀಮನ ಹಾರ್ನ್ ಕೇಳಿಸಿತು. ಮಾಬೂಬಿ ಕದಲಲಿಲ್ಲ. ಉಳಿದದ್ದು ಅರ್ಧ ರೊಟ್ಟಿ, ಎರಡು ಹೋಳು. ಒಂದು ತುತ್ತು, ಅರ್ಧ ಹೋಳು. ಕೊನೆಯ ಚೂರಿನಿಂದ ಅಜ್ಜಪ್ಪ ಬಟ್ಟಲು ಒರೆಸಿ ಬಾಯಿಗಿಟ್ಟುಕೊಂಡ. ರೊಟ್ಟಿಯೂ ಇಲ್ಲ, ಹೋಳೂ ಇಲ್ಲ, ಪಾಕದ ಹನಿಯೂ ಇಲ್ಲ.

ಮಾಬೂಬಿ ಬಿಸ್ಮಿಲ್ಲಾ ಎಂದು ಬರಣಿ ತುಂಬಿ, ಬಾಯಿಗೆ ಬಿಳಿ ಅರಿವೆ ಬಿಗಿದಳು. ಅಜ್ಜಪ್ಪ ಬಟ್ಟಲು ಚಾಚಿದ.

"ಇನ್ನೊಮ್ಮೆ ನೋಡೇಬಿಡೂಣು."

"ಸಾಕ್ರಿ ಅಣ್ಣಾರ," ಎಂದು ಅವಳು ಬರಣಿಯನ್ನು ಬಗಲಿಗೆ ಅವುಚಿಕೊಂಡು ಬಾಗಿಲಿಗೆ ನಡೆದಳು. "ಇನ್ನ ನೋಡೂದು ಬೀಗತಿ ಪಾಳಿ."