ಏಳು ಗುಂಡಿಯ ಅಂಗಿ

ಕಚೇರಿಯಿಂದ ಬಂದ ಕಾಗದವನ್ನು ಪೋಸ್ಟಿನವನೇ ಜಗಲಿಯಲ್ಲಿ ಕೂತು ಓದಿ ಹೇಳಿದ. "ಅರ್ಜಿದಾರರು ಒಪ್ಪವಾಗಿ ಬಂದಿದ್ದರು. ಕ್ಷೌರ ಆಗಿತ್ತು. ಇಸ್ತ್ರಿ ಮಾಡಿದ ಅಂಗಿಯ ಏಳೂ ಗುಂಡಿ ಹಾಕಲಾಗಿತ್ತು. ತಮ್ಮ ಕೆಲಸ ತಾವೇ ಮಾಡಿಕೊಳ್ಳುವುದಾಗಿ ತಿಳಿಸಿದರು. ಆದ್ದರಿಂದ ಅಂಗವೈಕಲ್ಯ ಭತ್ಯೆಗೆ ಅರ್ಹರಲ್ಲ."

ಮೇಸ್ತ್ರಿಯ ಹೆಂಡತಿ ಹೊಸಿಲ ಮೇಲೇ ಕುಸಿದು ಕೂತಳು. ಆ ಅಂಗಿಗೆ ಇಸ್ತ್ರಿ ಹಾಕಿದವಳು ಅವಳು. ಗುಂಡಿ ಹಾಕಿದವಳು ಅವಳು. ಗಂಡನ ಗದ್ದಕ್ಕೆ ಸೋಪು ಹಚ್ಚಿ, ಉಸಿರು ಬಿಗಿಹಿಡಿದು ರೇಜರ್ ಎಳೆದವಳೂ ಅವಳೇ. ಮೂವತ್ತು ವರ್ಷ ಸುತ್ತಿಗೆ ಹಿಡಿದು ಕಲ್ಲಿಗೆ ಹೊಡೆದ ಏಟೆಲ್ಲ ತಿರುಗಿ ಬಂದು ಮೇಸ್ತ್ರಿಯ ಕೈಯೊಳಗೆ ಮನೆ ಮಾಡಿಕೊಂಡಿತ್ತು. ಬೆರಳುಗಳಿಗೆ ಬಿಸಿ ತಂಪು ಗೊತ್ತಾಗದು, ನಡುಕ ನಿಲ್ಲದು.

"ಅವರು ಕೇಳಿದ್ದಕ್ಕೆಲ್ಲ ನಾನೇ, ನಾನೇ ಅಂದ್ರಾ?"

"ಮತ್ತೇನು, ಹೆಂಡ್ತಿ ಉಣ್ಣಿಸ್ತಾಳೆ ಅಂತ ಆ ಹುಡುಗಿ ಡಾಕ್ಟ್ರ ಮುಂದೆ ಹೇಳ್ಲಾ?" ಮೇಸ್ತ್ರಿ ಮುಖ ತಿರುಗಿಸಿದ.

ಭತ್ಯೆ ಸಿಗದಿದ್ದರೆ ಅವಳು ಗಂಡನಿಗಾಗಿ ಬಿಟ್ಟಿದ್ದ ಆಸ್ಪತ್ರೆಯ ಲಾಂಡ್ರಿ ಕೆಲಸಕ್ಕೆ ವಾಪಸ್ ಹೋಗಲೇಬೇಕು. ಬೆಳಕು ಹರಿಯುವ ಮುಂಚೆ ಹೊರಟರೆ ಬರುವುದು ದೀಪ ಹಚ್ಚುವ ಹೊತ್ತಿಗೆ. ಹಿಂದೊಂದು ದಿನ ಅವಳು ಸಂತೆಯಿಂದ ತಡವಾಗಿ ಬಂದಾಗ ಮೇಸ್ತ್ರಿ ತುಂಬಿದ ಚೊಂಬಿನ ಪಕ್ಕದಲ್ಲೇ ಬಾಯೊಣಗಿಸಿಕೊಂಡು ಕೂತಿದ್ದ; ಪಕ್ಕದ ಮನೆಯವರನ್ನು ಕೂಗಿರಲಿಲ್ಲ.

"ಮೇಲ್ಮನವಿ ಹಾಕೋಕೆ ಮೂವತ್ತು ದಿನ ಟೈಮಿದೆ ಅಕ್ಕಾ," ಅಂದ ಪೋಸ್ಟಿನವನು. "ಆದ್ರೆ ಈ ಸಲ ಸೊಗಸು ಬೇಡ. ನಾಲ್ಕು ದಿನದ ಗಡ್ಡ, ಹರಕು ಅಂಗಿ. ನೋಡಿದ ಕೂಡ್ಲೇ ಅವರು ಅಯ್ಯೋ ಅನ್ನಬೇಕು."

"ಅಯ್ಯೋ ಅನ್ನಿಸ್ಕೊಳ್ಳೋಕೆ ನಾನು ಇಪ್ಪತ್ತು ವರ್ಷ ಇಸ್ತ್ರಿ ತಿಕ್ಕಿದ್ನಾ? ನಿನ್ನ ಅಂಗಿ ನೋಡಿದ್ರೇನೇ ಅಯ್ಯೋ ಅನ್ಸುತ್ತಪ್ಪಾ, ನೀನೇ ಹೋಗ್ಬಾ."

ಮೇಲ್ಮನವಿಯ ವಿಚಾರಣೆಯ ದಿನ ಅವಳು ಗಂಡನ ಬೂಟಿಗೂ ಪಾಲಿಶ್ ಹಾಕಿದಳು. ಬಸ್ಸು ಊರಾಚೆಯ ಶಾಲೆ ದಾಟುವಾಗ ಕೇಳಿದಳು: "ಆ ಗೋಡೆ ಯಾರು ಕಟ್ಟಿದ್ದು?"

"ಗೊತ್ತಿಲ್ವಾ ನಿಂಗೆ? ನಾನು."

"ಬಾಗಿಲ ಕಮಾನು?"

"ಅದು ಭಾವನ ಕೈಕೆಲ್ಸ. ಸಾವಿರ ಸಲ ಹೇಳಿದೀನಿ."

"ಎಲ್ಲಾ ನಂದೇ ಅಂದ್ಬಿಟ್ರೆ ಯಾರು ಕೇಳ್ತಾರೆ?"

"ಲೇ, ಇನ್ನೊಬ್ರು ಕಡೆದ ಕಲ್ಲಿಗೆ ನನ್ನ ಹೆಸರು ಹಾಕ್ಕೊಳ್ಳೋನಾ ನಾನು?"

"ಹಾಗಾದ್ರೆ ಈ ಅಂಗಿ?"

ಮೇಸ್ತ್ರಿ ಕಿಟಕಿಯ ಕಡೆ ತಿರುಗಿ, ಹಿಂದೆ ಸರಿಯುತ್ತಿದ್ದ ಕಮಾನನ್ನೇ ನೋಡತೊಡಗಿದ.

ಪೇಟೆಯ ಕಚೇರಿಯಲ್ಲಿ ಉದ್ದನೆಯ ಮೇಜಿನ ಆಚೆ ಮಂಡಳಿಯ ಮೂವರಿದ್ದರು: ಕನ್ನಡಕದ ಅಧ್ಯಕ್ಷರು, ಒಬ್ಬ ಡಾಕ್ಟರು, ನರೆಗೂದಲ ಹೆಂಗಸೊಬ್ಬರು. ಕೇಳಿದರೆ ಮಾತ್ರ ಬಾಯಿ ಬಿಡಬೇಕೆಂದು ಗುಮಾಸ್ತ ಅವಳಿಗೆ ಮೊದಲೇ ತಾಕೀತು ಮಾಡಿದ್ದ.

ಅಧ್ಯಕ್ಷರು ಹಳೆಯ ವರದಿಯ ಮೇಲೆ ಬೆರಳಿಟ್ಟು ಕೇಳಿದರು: "ಅಂಗಿ ಗುಂಡಿ ಯಾರು ಹಾಕಿದ್ದು?"

ಮೇಸ್ತ್ರಿಯ ದವಡೆ ಬಿಗಿಯಿತು. ಆ ದವಡೆ ಅವಳಿಗೆ ಗೊತ್ತು. 'ನಾನೇ' ಅನ್ನುವ ಮುಂಚೆ ಅದು ಹಾಗೆಯೇ ಬಿಗಿಯುತ್ತದೆ. ಅವಳು ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಹಿಂಡಿ ಹಿಡಿದಳು.

ಮೇಸ್ತ್ರಿ ತಲೆ ತಗ್ಗಿಸಿ ತನ್ನ ಎದೆಯನ್ನೇ ನೋಡಿಕೊಂಡ. ಮುಗಿದ ಗೋಡೆ ನೆಟ್ಟಗಿದೆಯೇ ಎಂದು ನೂಲು ಹಿಡಿದು ನೋಡುವವನ ಹಾಗೆ, ಮೇಲಿನ ಗುಂಡಿಯಿಂದ ಕೆಳಗಿನ ಗುಂಡಿಯ ತನಕ.

"ಇವಳು ಹಾಕಿದ್ದು," ಅಂದ. ಆಮೇಲೆ ದನಿ ಏರಿತು. "ಗಡ್ಡ ಇವಳು ಹೆರೆದಿದ್ದು. ಬೂಟಿನ ದಾರ ಇವಳು ಕಟ್ಟಿದ್ದು. ಬೆಳಿಗ್ಗೆ ತಿಂದಿದ್ದೂ ಇವಳ ಕೈಯಿಂದ್ಲೇ. ಕಾಲರ್ ನೋಡಿ ಸ್ವಾಮಿ, ಒಂದು ಸುಕ್ಕಿದ್ರೆ ತೋರ್ಸಿ! ಹೋದ ಸಲ ಎಲ್ಲಾ ನಾನೇ ಅಂದ್ಬಿಟ್ಟೆ. ಬದುಕಲ್ಲಿ ಇನ್ನೊಬ್ರ ಕೆಲಸಕ್ಕೆ ನನ್ನ ಹೆಸರು ಹೇಳಿದ್ದು ಅದೊಂದೇ ಸಲ. ತಿದ್ದಿ ಬರ್ಕೊಳ್ಳಿ."

ಅವನು ಎರಡೂ ಕೈ ಮೇಜಿನ ಮೇಲಿಟ್ಟ. ಲೋಟದ ನೀರು ಅಲುಗಾಡಿತು. ಡಾಕ್ಟರು ಎದ್ದು ಬಂದು ಸೂಜಿಯಿಂದ ಬೆರಳ ತುದಿಗಳನ್ನು ಒಂದೊಂದಾಗಿ ಚುಚ್ಚಿದರು. ಮೇಸ್ತ್ರಿ ಕಟ್ಟಡದ ಗಾರೆ ಬಿರುಕು ಬಿಟ್ಟಿದ್ದನ್ನು ಅಧ್ಯಕ್ಷರಿಗೆ ವಿವರಿಸುತ್ತಲೇ ಇದ್ದ; ಚುಚ್ಚಿದ್ದು ಅವನಿಗೆ ತಿಳಿಯಲೇ ಇಲ್ಲ.

ನರೆಗೂದಲಿನವರು ಅವಳ ಕಡೆ ತಿರುಗಿದರು. "ಇವರನ್ನ ತಯಾರು ಮಾಡೋಕೆ ಎಷ್ಟು ಹೊತ್ತು ಬೇಕಮ್ಮ?"

"ದಿನಾ ಮುಕ್ಕಾಲು ಗಂಟೆ. ಇವತ್ತು ಒಂದೂವರೆ. ನಿಮ್ಮ ಮುಂದೆ ಬರೋದಿತ್ತಲ್ಲ!"

ಆಕೆ ನಗು ತಡೆಯದೆ ಬರೆದುಕೊಂಡರು.

ಅರ್ಧ ಗಂಟೆ ಹೊರಗಿನ ಬೆಂಚಿನ ಮೇಲೆ ಕಾದ ಮೇಲೆ ಮತ್ತೆ ಒಳಗೆ ಕರೆದರು. ಅಧ್ಯಕ್ಷರು ನಿಧಾನವಾಗಿ ಓದಿದರು: "ಹಿಂದಿನ ಆದೇಶ ರದ್ದು. ಭತ್ಯೆ ಮಂಜೂರು. ಅರ್ಜಿದಾರರ ಒಪ್ಪ ಓರಣವೆಲ್ಲ ಅವರ ಹೆಂಡತಿಯ ದುಡಿಮೆಯೆಂದು ಮಂಡಳಿಗೆ ಮನವರಿಕೆಯಾಗಿದೆ."

ಅವಳು ಕೈ ಮುಗಿಯಲು ಎದ್ದಳು. ಮೇಸ್ತ್ರಿ ಮಾತ್ರ ಕುರ್ಚಿ ಬಿಟ್ಟು ಅಲುಗಲಿಲ್ಲ.

"ಆ ಕೊನೇ ಸಾಲು ಇನ್ನೊಂದ್ಸಲ ಓದಿ ಸ್ವಾಮಿ. ಸ್ವಲ್ಪ ಜೋರಾಗಿ."

ಅಧ್ಯಕ್ಷರು ಗಂಟಲು ಸರಿಮಾಡಿಕೊಂಡರು. ಯಾಕೋ ತಮ್ಮ ಕಾಲರನ್ನೂ ಒಮ್ಮೆ ನೀವಿಕೊಂಡು, ಮತ್ತೆ ಓದಿದರು.