ಬೇಡವೆಂದ ಇಪ್ಪತ್ತೇಳು

ನರವಿಜ್ಞಾನ ವಿಭಾಗದ ಕಚೇರಿಯ ಹೆಂಗಸು ಮಿರ್ನಾಳ ಅಂಕಪಟ್ಟಿಯನ್ನು ಮೇಲಿಂದ ಕೆಳಗೆ ಒಮ್ಮೆ, ಕೆಳಗಿಂದ ಮೇಲೆ ಒಮ್ಮೆ ನೋಡಿ, ಕನ್ನಡಕ ತೆಗೆದು ಮೇಜಿನ ಮೇಲಿಟ್ಟಳು. ಕನ್ನಡಕ ತೆಗೆದ ರೀತಿಯಲ್ಲೇ ಮಿರ್ನಾಳಿಗೆ ಅರ್ಧ ಉತ್ತರ ಸಿಕ್ಕಿಬಿಟ್ಟಿತ್ತು.

"ಮನಃಶಾಸ್ತ್ರದಲ್ಲಿ ಪದವಿ ಆಗಿದೆ, ಸರಿ. ಜೀವಶಾಸ್ತ್ರ ಇದೆ, ರಸಾಯನಶಾಸ್ತ್ರಾನೂ ಇದೆ. ಭೌತಶಾಸ್ತ್ರ ಎಲ್ಲಮ್ಮಾ?"

"ಓದಿಲ್ಲ."

"ಭೌತಶಾಸ್ತ್ರದ ಆರು ಕ್ರೆಡಿಟ್ ಇಲ್ದೆ ನರವಿಜ್ಞಾನಕ್ಕೆ ಅರ್ಜೀನೇ ತಗೊಳ್ಳಲ್ಲ. ನಾನು ಮಾಡಿದ ನಿಯಮ ಅಲ್ಲಮ್ಮ, ನನ್ನ ಮೇಲೆ ಕೂಗಾಡಬೇಡಿ."

"ನಾನೆಲ್ಲಿ ಕೂಗಾಡ್ದೆ? ಎಲ್ಲಿ ಓದ್ಬೇಕು, ಪರೀಕ್ಷೆ ಯಾವಾಗ, ಅಷ್ಟು ಹೇಳಿ ಸಾಕು."

ಹೆಂಗಸು ಅವಳನ್ನೊಮ್ಮೆ ಪಿಳಿಪಿಳಿ ನೋಡಿದಳು. ಆ ಕಿಟಕಿಗೆ ಬಂದವರು ಸಾಮಾನ್ಯವಾಗಿ ಅಳುತ್ತಿದ್ದರು, ಇಲ್ಲವೇ ದೊಡ್ಡ ಹುದ್ದೆಯಲ್ಲಿದ್ದ ಯಾರಾದರೂ ಮಾವನ ಹೆಸರು ಹೇಳುತ್ತಿದ್ದರು. ಇದೊಂದು ಬೇರೆ ತಳಿ.

ಅದು ಚಳಿಗಾಲದ ಮಾತು. ಅಂದಿನಿಂದ ಮಿರ್ನಾ ವಾರಕ್ಕೆರಡು ದಿನ ರೈಲು ಹತ್ತಿ ಪ್ರೊಫೆಸರ್ ಗ್ರಿದೆಲ್ಲಿಯ ಭೌತಶಾಸ್ತ್ರದ ತರಗತಿಗೆ ಹೋಗಿ, ತನಗಿಂತ ಎಂಟು ವರ್ಷ ಚಿಕ್ಕ ಹುಡುಗರ ಜೊತೆ ಮುಂದಿನ ಬೆಂಚಿನಲ್ಲಿ ಕೂತಳು. ಉಳಿದ ದಿನ ಅಮ್ಮನ ಅಂಗಡಿಯ ಹಿಂದೆ, ಹಿಟ್ಟಿನ ಚೀಲಗಳ ಮೇಲೆ ಕಾಲು ಚಾಚಿ ಲೆಕ್ಕ ಬಿಡಿಸಿದಳು. ಆಗಾಗ ಸಿಟ್ಟಿಗೆದ್ದು ಪುಸ್ತಕವನ್ನು ಗೋಡೆಗೆ ಎಸೆದು, ಮತ್ತೆ ತಾನೇ ಎತ್ತಿಕೊಂಡು ಬಂದಳು.

ಅಂಗಡಿ ಎಂದರೆ ಸಮುದ್ರದ ದಂಡೆಯ ಮೇಲಿನ ಪಟ್ಟೆಪಟ್ಟೆ ಬಣ್ಣದ ಸಣ್ಣ ಗೂಡು. ಮಿರ್ನಾಳ ತಾಯಿ ವಿಲ್ಮಾ ಅಲ್ಲಿ ಪಿಯದೀನಾ ರೊಟ್ಟಿ ಲಟ್ಟಿಸಿ, ಕಾದ ಹಂಚಿನ ಮೇಲೆ ಸುಟ್ಟು, ಚೀಸಿನಂಥ ಮೆತ್ತನೆಯ ಗಿಣ್ಣು ಸವರಿ ಮಡಚಿ ಕೊಡುತ್ತಿದ್ದಳು. ಬೇಸಿಗೆಯಲ್ಲಿ ಆ ಗೂಡಿನ ಮುಂದಿನ ಸಾಲು ರಸ್ತೆಯವರೆಗೂ ಬೆಳೆಯುತ್ತಿತ್ತು. ಸಾಲಿನಲ್ಲಿ ನಿಲ್ಲದೆ ರೊಟ್ಟಿ ಪಡೆಯುವ ಭಾಗ್ಯ ಮೂವರಿಗಿತ್ತು: ಪಾದ್ರಿಗೆ, ಮುನಿಸಿಪಾಲಿಟಿಯ ಪೊಲೀಸನಿಗೆ, ಮತ್ತು ಪ್ರತಿ ಬೇಸಿಗೆ ಅಲ್ಲಿಗೆ ಬಂದು ತಂಗುತ್ತಿದ್ದ ಇದೇ ಪ್ರೊಫೆಸರ್ ಗ್ರಿದೆಲ್ಲಿಗೆ. ಅವನ ಒಣಹುಲ್ಲಿನ ಟೋಪಿ ದೂರದಲ್ಲಿ ಕಂಡರೆ ಸಾಕು, "ಮುಂದೆ ಬನ್ನಿ ಪ್ರೊಫೆಸರ್ರೇ, ನಿಮಗೇನು ಸಾಲು!" ಎಂದು ವಿಲ್ಮಾ ಕೂಗುತ್ತಿದ್ದಳು. ಸಾಲಿನವರು ಗೊಣಗಿಕೊಂಡು ದಾರಿ ಬಿಡುತ್ತಿದ್ದರು. ದೊಡ್ಡವರ ಪರಿಚಯ ಇರುವುದು ಬೇಸಿಗೆಯ ರೊಟ್ಟಿಗಲ್ಲ, ಮುಂದೊಂದು ದಿನದ ಕೆಲಸಕ್ಕೆ ಎಂಬುದು ಆ ಊರಲ್ಲಿ ಮಗುವಿಗೂ ಗೊತ್ತು.

ಜೂನ್ ತಿಂಗಳಲ್ಲಿ ಒಂದು ಸಂಜೆ ಅಮ್ಮ ಪ್ರೊಫೆಸರನ ರೊಟ್ಟಿಗೆ ಎರಡು ಪಾಲು ಗಿಣ್ಣು ಸವರಿ, ಕಟ್ಟೆಯ ಮೇಲೆ ಬಾಗಿ ಪಿಸಿಪಿಸಿ ಮಾತಾಡುವುದನ್ನು ಮಿರ್ನಾ ಕಂಡಿದ್ದಳು. ಕೇಳಿದರೆ "ಸೆಕೆ ಬಗ್ಗೆ ಕಣೇ" ಎಂದಿದ್ದಳು ಅಮ್ಮ. ಸೆಕೆಯ ಬಗ್ಗೆ ಯಾರಾದರೂ ಪಿಸುಗುಟ್ಟುತ್ತಾರೆಯೇ? ಆದರೆ ಮಿರ್ನಾಳ ತಲೆಯಲ್ಲಿ ಆಗ ಲೆಕ್ಕಗಳೇ ತುಂಬಿದ್ದವು. ಅವಳು ಅದನ್ನು ಅಲ್ಲಿಗೇ ಬಿಟ್ಟಳು.

ಮಿರ್ನಾಳಿಗೆ ಒಂಬತ್ತನೆಯ ವಯಸ್ಸಿನಿಂದ ಮೂರ್ಛೆರೋಗ. ಮಾತ್ರೆಗಳಿಂದ ಹಿಡಿತಕ್ಕೆ ಬಂದಿತ್ತು. ಹಿಡಿತಕ್ಕೆ ಬರದಿದ್ದದ್ದು ಊರವರ ಕನಿಕರ. ಶಾಲೆಯ ಗಣಿತದ ಮೇಷ್ಟ್ರು ಅವಳನ್ನು ಒಮ್ಮೆಯೂ ಬೋರ್ಡಿಗೆ ಕರೆಯದೆ ಪ್ರತಿ ಸಲ ಪಾಸು ಮಾಡಿದ. ವ್ಯಾಯಾಮದ ಟೀಚರು ಬೆಂಚಿನ ಮೇಲೆ ಕೂತಿದ್ದಕ್ಕೇ ಪೂರ್ತಿ ಅಂಕ ಕೊಟ್ಟಳು. ಎಲ್ಲರ ಬಾಯಲ್ಲೂ ಒಂದೇ ಮಾತು: ಪಾಪ. ಆ ಪಾಪ ಅಂದವರಿಗೆ ತಟ್ಟುವುದಿಲ್ಲ, ಅನ್ನಿಸಿಕೊಂಡವರಿಗೇ ತಟ್ಟುತ್ತದೆ. ತನಗೆ ನಿಜವಾಗಿ ಏನು ಬರುತ್ತದೆ, ಏನು ಬರುವುದಿಲ್ಲ ಎಂಬುದೇ ಮಿರ್ನಾಳಿಗೆ ಗೊತ್ತಿರಲಿಲ್ಲ. ಯಾರಾದರೂ ಕೇಳಿದ್ದರೆ ತಾನೇ? ಹಾಗಾಗಿ ಆ ಆರು ಕ್ರೆಡಿಟ್ಟಿನ ನಿಯಮ ಅವಳಿಗೆ ಇಷ್ಟವಾಗಿತ್ತು. ಅದು ಅವಳ ಮುಖ ನೋಡಿ ಮಾಡಿದ ನಿಯಮವಾಗಿರಲಿಲ್ಲ.

ಜುಲೈನಲ್ಲಿ ಪರೀಕ್ಷೆ. ಮೌಖಿಕ ಪರೀಕ್ಷೆಗೆ ಬಾಗಿಲು ಎಲ್ಲರಿಗೂ ತೆರೆದಿರುತ್ತದೆ, ಯಾರು ಬೇಕಾದರೂ ಬಂದು ಕೇಳಬಹುದು. ಇದನ್ನು ಅಮ್ಮನಿಗೆ ಹೇಳಿದ್ದೇ ತಪ್ಪಾಯಿತು. ಅಂಗಡಿ ಮುಚ್ಚಿ, ಚರ್ಚಿಗೆ ಹೋಗುವ ಉಡುಪು ತೊಟ್ಟು, ಒಂದು ಚೀಲ ಪೀಚ್ ಹಣ್ಣು ಹಿಡಿದು ವಿಲ್ಮಾ ಹೊರಟೇಬಿಟ್ಟಳು. ಹಿಂದಿನ ಬೆಂಚಿನಲ್ಲಿ ಕೂತು ಬೀಸಣಿಗೆ ಬಿಚ್ಚಿದಳು.

ಮಿರ್ನಾಳಿಗಿಂತ ಮೊದಲಿನ ಹುಡುಗನನ್ನು ಗ್ರಿದೆಲ್ಲಿ ಹಿಂಡಿ ಹಿಪ್ಪೆ ಮಾಡಿ ಕಳಿಸಿದ. "ಚಳಿಗಾಲಕ್ಕೆ ನೋಡೋಣಪ್ಪ" ಎಂದ. ಅವನ ಬಳಿ ನಪಾಸಾದವರು ಸೆಪ್ಟೆಂಬರಿನ ಪರೀಕ್ಷೆಗೆ ಕೂರುವಂತಿರಲಿಲ್ಲ, ಚಳಿಗಾಲದವರೆಗೆ ಕಾಯಬೇಕಿತ್ತು. ಅಷ್ಟರಲ್ಲಿ ನರವಿಜ್ಞಾನದ ಬಾಗಿಲು ಆ ವರ್ಷಕ್ಕೆ ಮುಚ್ಚಿರುತ್ತಿತ್ತು. ಮಿರ್ನಾಳಿಗೆ ಇಂದು ಒಂದೇ ಅವಕಾಶ. ಮೂವತ್ತಕ್ಕೆ ಹದಿನೆಂಟು ಬಂದರೆ ಪಾಸು.

"ಬನ್ನಿ ಬನ್ನಿ, ಕೂತ್ಕೊಳ್ಳಿ," ಎಂದ ಗ್ರಿದೆಲ್ಲಿ. ಅವನ ದನಿ ಒಮ್ಮೆಗೇ ಬೆಣ್ಣೆಯಾಗಿತ್ತು. "ಏನು ಸೆಕೆ ಅಲ್ವಾ? ನೀರು ಬೇಕಾ?"

"ಬೇಡ ಪ್ರೊಫೆಸರ್."

"ಒಂದು ದಿನಾನೂ ತಪ್ಪಿಸದೆ ಬಂದಿದ್ದೀರಿ, ನಾನು ನೋಡಿದ್ದೀನಿ. ಇಪ್ಪತ್ತೇಳು ಕೊಡ್ತೀನಿ. ಬರ್ಕೊಳ್ಲಾ?"

ಮಿರ್ನಾ ಅವನ ಮುಖ ನೋಡಿದಳು. "ಪ್ರಶ್ನೆ ಕೇಳ್ಲೇ ಇಲ್ವಲ್ಲ?"

"ಇರ್ಲಿ ಬಿಡಿ. ನಿಮ್ಮಂಥೋರಿಗೆ ಆಯಾಸ ಆಗಬಾರದು."

ನಿಮ್ಮಂಥೋರು. ಮಿರ್ನಾ ತಿರುಗಿ ಹಿಂದಿನ ಬೆಂಚು ನೋಡಿದಳು. ಅಮ್ಮನ ಬೀಸಣಿಗೆ ನಿಂತಿತ್ತು. ಹಂಚಿನ ಮೇಲಿನ ರೊಟ್ಟಿ ಇನ್ನೇನು ಉಬ್ಬುತ್ತದೆ ಎಂದು ಕಾಯುವಾಗಿನ ಮುಖ ಅದು. ಜೂನ್ ತಿಂಗಳ ಎರಡು ಪಾಲು ಗಿಣ್ಣು ಈಗ ಅರ್ಥವಾಯಿತು.

ಸುಳ್ಳು ಯಾಕೆ, ಒಂದು ಗಳಿಗೆ ಅವಳಿಗೂ ಆಸೆಯಾಯಿತು. ಹೂಂ ಎಂದರೆ ಮುಗಿಯಿತು. ಆರು ಕ್ರೆಡಿಟ್ ಕೈಗೆ, ನರವಿಜ್ಞಾನದ ಬಾಗಿಲು ಎದುರಿಗೆ. ಯಾರಿಗೆ ಗೊತ್ತಾಗುತ್ತದೆ? ತನಗೆ ಗೊತ್ತಾಗುತ್ತದೆ. ಮುಂದೆ ಯಾವುದೋ ಪ್ರಯೋಗಾಲಯದಲ್ಲಿ ಕೂತು ಬೇರೆಯವರ ಮೆದುಳಿನ ಬಗ್ಗೆ ಮಾತಾಡುವಾಗಲೂ, ಇಲ್ಲಿಗೆ ಬಂದದ್ದು ಗಿಣ್ಣಿನ ದಾರಿಯಲ್ಲಿ ಎಂದು ಗೊತ್ತೇ ಇರುತ್ತದೆ.

ಕೊಟ್ಟ ಅಂಕ ಸಾಲದೆನಿಸಿದರೆ ಬೇಡವೆನ್ನುವ ಹಕ್ಕು ಅಲ್ಲಿಯ ಪ್ರತಿ ವಿದ್ಯಾರ್ಥಿಗೂ ಇದೆ. ಹತ್ತೊಂಬತ್ತು ಬಂದವರು, ಇಪ್ಪತ್ತೊಂದು ಬಂದವರು ಮೂಗು ಮುರಿದು ಬೇಡವೆನ್ನುತ್ತಾರೆ, ಚಳಿಗಾಲಕ್ಕೆ ಮತ್ತೊಮ್ಮೆ ಬರುತ್ತಾರೆ. ಇಪ್ಪತ್ತೇಳನ್ನು, ಅದೂ ಬಾಯಿ ಬಿಡದೆ ಸಿಕ್ಕಿದ್ದನ್ನು, ಬೇಡವೆಂದವರನ್ನು ಆ ಕೋಣೆ ಕಂಡಿರಲಿಲ್ಲ.

"ನನಗೆ ಬೇಡ," ಎಂದಳು ಮಿರ್ನಾ.

"ಏನಂದ್ರಿ?"

"ಈ ಇಪ್ಪತ್ತೇಳು ಬೇಡ."

"ತಗೊಳ್ಳೇ ಹುಚ್ಚೀ!" ಹಿಂದಿನಿಂದ ವಿಲ್ಮಾಳ ದನಿ ಸಿಡಿಯಿತು. "ಕೊಟ್ಟಿದ್ದನ್ನ ಬಾಯಿ ಮುಚ್ಕೊಂಡು ತಗೊಳ್ಳೇ!"

ಕೋಣೆಯೆಲ್ಲ ಗೊಳ್ಳೆಂದಿತು. ಗ್ರಿದೆಲ್ಲಿಯ ಕಿವಿ ಕೆಂಪಗಾಯಿತು. ಅವನು ಮೇಜಿನ ಮೇಲೆ ಬಾಗಿ ದನಿ ತಗ್ಗಿಸಿದ. "ಬೇಡ ಅಂದ್ರೆ ಏನಾಗುತ್ತೆ ಗೊತ್ತಾ? ಈ ವರ್ಷ ಹೋದ ಹಾಗೇ."

"ಬೇಡ ಅನ್ನೋಕೂ ಮೊದಲು ಪರೀಕ್ಷೆ ಆಗಿರ್ಬೇಕಲ್ಲ ಪ್ರೊಫೆಸರ್? ನೀವಿನ್ನೂ ಏನೂ ಕೇಳೇ ಇಲ್ಲ." ಅವಳು ದನಿ ತಗ್ಗಿಸಲಿಲ್ಲ. "ಆ ಹುಡುಗನ್ನ ಕೇಳಿದ ಹಾಗೇ ನನ್ನನ್ನೂ ಕೇಳಿ."

"ಕೇಳಿದ್ರೆ ನಾನು ಕೇಳೋ ಹಾಗೇ ಕೇಳ್ತೀನಿ. ಆಮೇಲೆ ಅಳಬಾರದು."

"ಅದಕ್ಕೇ ಬಂದಿರೋದು."

ಗ್ರಿದೆಲ್ಲಿ ಸೀಮೆಸುಣ್ಣವನ್ನು ಮೇಜಿನ ಮೇಲೆ ಉರುಳಿಸಿದ. "ಬೋರ್ಡಿಗೆ ಹೋಗಿ. ಚಾರ್ಜ್ ಆದ ಕೆಪಾಸಿಟರ್ ಇದೆ, ಒಂದು ತಂತಿಯ ಮೂಲಕ ಖಾಲಿ ಆಗ್ತಿದೆ. ಹೇಗೆ ಖಾಲಿ ಆಗುತ್ತೆ, ಬರೆದು ತೋರಿಸಿ."

ಎದುರಿಗೆ ನಿಂತಾಗ ಬೋರ್ಡು ಅಷ್ಟು ದೊಡ್ಡದಿರುತ್ತದೆ ಎಂದು ಅವಳಿಗೆ ಗೊತ್ತಿರಲಿಲ್ಲ. ಮೊದಲು ಧಡಕ್ಕನೆ ಇಳಿದು, ಆಮೇಲೆ ನಿಧಾನವಾಗಿ ನೆಲದ ಪಕ್ಕದಲ್ಲೇ ಸಾಗುವ ಗೆರೆ ಎಳೆದಳು. ಸಮೀಕರಣ ಬರೆದಳು. ಜೀವಕೋಶದ ಪೊರೆಯೂ ಹೀಗೇ ವಿದ್ಯುತ್ತನ್ನು ಕೂಡಿಟ್ಟು ಬಿಡುತ್ತದೆ ಎಂದು ಹೇಳುತ್ತಿರುವಾಗ ಅವಳ ಎಡಗೈ ಹೆಬ್ಬೆರಳು ತಾನೇ ತಾನಾಗಿ ಹಾರತೊಡಗಿತು.

ಅದು ಅವಳಿಗೆ ಹೊಸದಲ್ಲ. ನಿದ್ದೆ ಕೆಟ್ಟ ದಿನಗಳಲ್ಲಿ ಬರುತ್ತಿತ್ತು, ಹೆಬ್ಬೆರಳಿನಲ್ಲೇ ಸುಳಿದಾಡಿ ಹೋಗುತ್ತಿತ್ತು. ಹಿಂದಿನ ಬೆಂಚಿನಲ್ಲಿ ಬೀಸಣಿಗೆ ನೆಲಕ್ಕೆ ಬಿದ್ದ ಸದ್ದು ಕೇಳಿತು. ಗ್ರಿದೆಲ್ಲಿ ಕುರ್ಚಿಯಿಂದ ಅರ್ಧ ಎದ್ದ.

ಇಷ್ಟು ವರ್ಷ ಅವಳು ಆ ಕೈಯನ್ನು ಜೇಬಿನಲ್ಲಿ ಬಚ್ಚಿಡುತ್ತಿದ್ದಳು. ಇವತ್ತು ಎತ್ತಿ ಹಿಡಿದಳು.

"ನನಗೆ ಮೂರ್ಛೆರೋಗ ಇದೆ," ಎಂದು ಕೋಣೆಗೆಲ್ಲ ಕೇಳುವ ಹಾಗೆ ಹೇಳಿದಳು. "ಹೆಬ್ಬೆರಳು ಕುಣೀತಿದೆ, ಅಷ್ಟೇ. ಸ್ವಲ್ಪ ಹೊತ್ತಿಗೆ ತಾನೇ ನಿಲ್ಲುತ್ತೆ. ಬರೆಯೋದು ಬಲಗೈಯಲ್ಲಿ. ಅಮ್ಮಾ, ಕೂತ್ಕೋ. ಮುಂದಿನ ಪ್ರಶ್ನೆ ಕೇಳಿ ಪ್ರೊಫೆಸರ್."

ಗ್ರಿದೆಲ್ಲಿ ನಿಧಾನಕ್ಕೆ ಕೂತ. ಹೆಬ್ಬೆರಳು ನಿಲ್ಲುವವರೆಗೆ ಕಾದನೋ, ತನ್ನ ಪ್ರಶ್ನೆಗಾಗಿ ಹುಡುಕಿದನೋ, ಅಂತೂ ತಡವಾಗಿ ಬಾಯಿ ಬಿಟ್ಟ.

"ಕೊಳವೆಯಲ್ಲಿ ನೀರು ಹರೀತಿದೆ. ಒಂದು ಕಡೆ ಕೊಳವೆ ಕಿರಿದಾಗಿದೆ. ಅಲ್ಲಿ ಒತ್ತಡ ಜಾಸ್ತಿಯೋ, ಕಮ್ಮಿಯೋ?"

"ಜಾಸ್ತಿ. ಇಕ್ಕಟ್ಟಿನಲ್ಲಿ ನುಗ್ಗಬೇಕಲ್ಲ."

"ತಪ್ಪು," ಎಂದ ಗ್ರಿದೆಲ್ಲಿ.

ಬಿರುಸಾಗಿ, ಎಲ್ಲರೆದುರಿಗೆ, ಬೆಣ್ಣೆಯ ಲವಲೇಶವೂ ಇಲ್ಲದೆ ಅಂದ. ಮಿರ್ನಾಳಿಗೆ ಕಣ್ಣು ತುಂಬಿ ಬಂತು. ಅವಮಾನಕ್ಕಲ್ಲ. ಒಂಬತ್ತನೆಯ ವಯಸ್ಸಿನಿಂದ ಈಚೆಗೆ ಯಾರೂ ಅವಳ ಮುಖಕ್ಕೆ ಹೊಡೆದ ಹಾಗೆ ತಪ್ಪು ಎಂದಿರಲಿಲ್ಲ. ಅಷ್ಟು ಸಂತೋಷ ಅವಳಿಗೆ ಪದವಿ ಸಿಕ್ಕ ದಿನವೂ ಆಗಿರಲಿಲ್ಲ.

"ಯಾಕೆ ತಪ್ಪು?" ಎಂದಳು.

"ನೀವೇ ಹೇಳ್ಬೇಕು. ಪರೀಕ್ಷೆಗೆ ಕೂತಿರೋದು ನಾನಲ್ಲ."

ಅವಳು ತಡವರಿಸಿದಳು, ಅಳಿಸಿದಳು, ಮತ್ತೆ ಬರೆದಳು. ಕಿರಿದಾದ ಕಡೆ ನೀರಿನ ವೇಗ ಹೆಚ್ಚಬೇಕು, ವೇಗ ಹೆಚ್ಚಿದರೆ ಒತ್ತಡ ಇಳಿಯಬೇಕು ಎಂಬಲ್ಲಿಗೆ ಹೇಗೋ ಬಂದು ಮುಟ್ಟಿದಳು. ಮಸೂರದ ಲೆಕ್ಕದಲ್ಲಿ ಪ್ಲಸ್ ಮೈನಸ್ ಅದಲುಬದಲು ಮಾಡಿ ಮತ್ತೊಂದು ತಪ್ಪು ಸಂಪಾದಿಸಿದಳು. ಕೊನೆಗೆ ಕೈಯೆಲ್ಲ ಬಿಳಿ ಪುಡಿ, ಬೆನ್ನೆಲ್ಲ ಬೆವರು.

"ಇಪ್ಪತ್ತು," ಎಂದ ಗ್ರಿದೆಲ್ಲಿ, ಎಲ್ಲರಿಗೂ ಹೇಳುವ ಒಣ ದನಿಯಲ್ಲಿ. "ಒಪ್ತೀರಾ, ಬೇಡ್ವಾ?"

"ಒಪ್ಪಿದೆ."

"ಪ್ರೊಫೆಸರ್ರೇ, ಒಂದೆರಡು ಸೇರಿಸೋಕಾಗಲ್ವಾ?" ಎಂದಳು ಹಿಂದಿನಿಂದ ವಿಲ್ಮಾ.

"ಅಮ್ಮಾ!"

ರೈಲಿನಲ್ಲಿ ವಿಲ್ಮಾ ಕಿಟಕಿಯ ಕಡೆಗೆ ಮುಖ ಊದಿಸಿಕೊಂಡು ಕೂತಳು. "ಏಳು ಅಂಕ ಬೀದಿಗೆ ಎಸೆದಳು ಮಹಾರಾಣಿ."

"ಅವರಿಗೆ ಏನು ಹೇಳಿದ್ದೆ?"

"ಏನಿಲ್ಲ. ಒಂದು ಮಾತು ಅಷ್ಟೇ."

"ಯಾವ ಮಾತು?"

"ಪಾಪ, ಹುಷಾರಿಲ್ಲದ ಹುಡುಗಿ ಅಂದೆ. ತಪ್ಪಾ?"

"ತಪ್ಪು! ಇನ್ನೊಂದ್ಸಲ ನನ್ನನ್ನ ಪಾಪ ಅಂದ್ರೆ ನಿನ್ನ ಅಂಗಡಿ ಕಡೆ ತಲೆ ಹಾಕಿ ಮಲಗಲ್ಲ. ನನ್ನ ಓದು ನಿನ್ನ ಗಿಣ್ಣಲ್ಲ ಅಮ್ಮ, ಬೇಕಾದೋರಿಗೆ ಎರಡು ಪಾಲು ಸವರೋಕೆ!"

ವಿಲ್ಮಾ ಕಿಟಕಿಯಿಂದ ಈಚೆ ತಿರುಗಿದಳು. "ಆವತ್ತು ಅಡುಗೆಮನೆ ನೆಲದಲ್ಲಿ ನೀನು ಒದ್ದಾಡ್ತಿದ್ದಾಗ ನೋಡಿದವಳು ನಾನು. ನೀನು ನೋಡಿಲ್ಲ."

ನಿಜವೇ ಅದು. ಮನೆಯವರು, ಶಾಲೆಯವರು, ಬಸ್ಸಿನಲ್ಲಿದ್ದವರು ಎಲ್ಲರೂ ನೋಡಿದ್ದರು. ನೋಡದೆ ಉಳಿದವಳು ತಾನೊಬ್ಬಳೇ. "ಅದನ್ನ ನೋಡೋಕೇ ನರವಿಜ್ಞಾನಕ್ಕೆ ಹೋಗ್ತಿದ್ದೀನಿ ಅಮ್ಮ," ಎಂದಳು ಮಿರ್ನಾ. ವಿಲ್ಮಾ ಮೂಗು ಒರೆಸಿಕೊಂಡು, ಒಂದು ಪೀಚ್ ಹಣ್ಣನ್ನು ಎರಡು ಹೋಳು ಮಾಡಿ ದೊಡ್ಡ ಹೋಳನ್ನು ಮಗಳ ಕೈಗಿಟ್ಟಳು. ಮಿರ್ನಾ ಅದನ್ನು ವಾಪಸು ಕೊಟ್ಟು ಸಣ್ಣದನ್ನು ತೆಗೆದುಕೊಂಡಳು.

ಆಗಸ್ಟ್ ತಿಂಗಳಲ್ಲಿ ನರವಿಜ್ಞಾನ ವಿಭಾಗದಿಂದ ಉತ್ತರ ಬಂತು: ಅರ್ಹತೆ ಪೂರ್ಣವಾಗಿದೆ, ಪ್ರವೇಶ ನೀಡಲಾಗಿದೆ. ಅಷ್ಟರಲ್ಲಿ ಆ ಏಳು ಅಂಕದ ಸಂಕಟ ವಿಲ್ಮಾಳ ಬಾಯಲ್ಲಿ ಬೇರೆಯೇ ರೂಪ ತಾಳಿತ್ತು. ರೊಟ್ಟಿಗೆ ಬಂದವರಿಗೆಲ್ಲ ಅದೇ ಕಥೆ. "ಇಪ್ಪತ್ತೇಳು ತಟ್ಟೆಯಲ್ಲಿಟ್ಟು ಕೊಟ್ರು ಕಣ್ರೀ! ನನ್ನ ಮಗಳು ಬೇಡ ಅಂದ್ಲು! ಮುಖಕ್ಕೇ ಅಂದ್ಲು!" ತಾನು ಹುಚ್ಚಿ ಎಂದು ಕೂಗಿದ್ದು ಮಾತ್ರ ಕಥೆಯಿಂದ ಬಿಟ್ಟುಹೋಗಿತ್ತು. ಮಿರ್ನಾ ಹಂಚಿನ ಪಕ್ಕದಲ್ಲಿ ರೊಟ್ಟಿ ಮಡಚುತ್ತ, ನೆನಪಿಸಲು ಹೋಗದೆ ಒಳಗೊಳಗೇ ನಗುತ್ತಿದ್ದಳು.

ಆ ಸಂಜೆ ಸಾಲು ರಸ್ತೆಯವರೆಗೂ ಇತ್ತು. ದೂರದಲ್ಲಿ ಒಣಹುಲ್ಲಿನ ಟೋಪಿ ಕಂಡಿತು. ಗ್ರಿದೆಲ್ಲಿ ಎಂದಿನಂತೆ ಸಾಲಿನ ಪಕ್ಕದಲ್ಲೇ ನಡೆದು ಕಟ್ಟೆಗೆ ಬಂದು, ಟೋಪಿ ಎತ್ತಿ, "ಒಂದು ಗಿಣ್ಣಿನದು ವಿಲ್ಮಾ," ಎಂದ.

ವಿಲ್ಮಾ ಲಟ್ಟಣಿಗೆ ನಿಲ್ಲಿಸಿದಳು. ಪ್ರೊಫೆಸರನನ್ನು ನೋಡಿದಳು, ಮಗಳನ್ನು ನೋಡಿದಳು. ಮಿರ್ನಾ ಕೈಯಲ್ಲಿದ್ದ ರೊಟ್ಟಿ ಹಿಡಿದುಕೊಂಡೇ ನಿಂತಳು.

"ಸಾಲು ಅಲ್ಲಿಂದ ಶುರು ಪ್ರೊಫೆಸರ್ರೇ," ಎಂದಳು ವಿಲ್ಮಾ, ಹಿಟ್ಟು ಮೆತ್ತಿದ ಕೈಯಿಂದ ರಸ್ತೆಯ ಕಡೆ ತೋರಿಸಿ. "ಎಲ್ಲರ ಹಾಗೆ."

ಗ್ರಿದೆಲ್ಲಿ ಟೋಪಿ ಹಾಕಿಕೊಂಡು, ಐಸ್‌ಕ್ರೀಂ ನೆಕ್ಕುತ್ತಿದ್ದ ಒಂದು ಸಂಸಾರದ ಹಿಂದೆ ಹೋಗಿ ನಿಂತುಕೊಂಡ.